ಬಸ್ಸಾರಿಗೆ ಇಂಗ್ಲಿಷಲ್ಲಿ ಏನಂತಾರೆ ಮೇಷ್ಟ್ರೇ?

ತುಮಕೂರಿನ ಶಿರಾ ಗೇಟಿನ ಹತ್ತಿರ ನನ್ನ ಗೆಳೆಯನೊಬ್ಬ ಮೆಸ್ ಇಟ್ಟಿದ್ದಾನೆ. 8 ಟೇಬಲ್ಲು, ಮೂಲೆಯಲ್ಲಿ ಕೈ ತೊಳೆಯೋ ನಲ್ಲಿ, ಗಲ್ಲಾದ ಪಕ್ಕ ತೂಗುಹಾಕಿದ ಬಾಳೆಗೊನೆ, ಅಷ್ಟೇ. ಮಧ್ಯಾಹ್ನ ಹನ್ನೆರಡೂವರೆಗೆ ಮುದ್ದೆ ಶುರುವಾದರೆ ಮೂರು ಗಂಟೆಗೆ ಪಾತ್ರೆಯ ತಳ ಕಾಣುತ್ತದೆ. ವಸಂತನರಸಾಪುರದ ಕಾರ್ಖಾನೆಗಳಿಗೆ ಕೆಲಸಕ್ಕೆ ಬಂದ ಬಿಹಾರ, ಒಡಿಶಾ ಕಡೆಯ ಹುಡುಗರು ಈಗ ಭಾನುವಾರ ಇಲ್ಲಿಗೂ ಬರುತ್ತಾರೆ. ಬಂದವರು ಗೋಡೆ ಮೇಲಿನ ಕನ್ನಡ ಬೋರ್ಡು ನೋಡಿ, ತಲೆ ಕೆರೆದುಕೊಂಡು, ಕೊನೆಗೆ ಪಕ್ಕದವನ ತಟ್ಟೆ ಕಡೆ ಬೆರಳು ತೋರಿಸಿ 'ವೋ' ಅನ್ನುತ್ತಾರೆ.

"ನೀನು ಇಂಗ್ಲಿಷ್ ಮೇಷ್ಟ್ರಲ್ವಾ, ಒಂದು ಬೋರ್ಡು ಬರ್ಕೊಡು ಗುರು" ಅಂದ ಗೆಳೆಯ. ಒಟ್ಟು 10 ಐಟಮ್ಮು. ಕಾಫಿ ಕುಡಿಯುವಷ್ಟರಲ್ಲಿ ಮುಗಿಸುತ್ತೇನೆ ಅಂದುಕೊಂಡೆ. ಹದಿನೈದು ದಿನ ಹಿಡಿಯಿತು.

ತಪ್ಪು ನನ್ನದೇ. ನನಗೊಂದು ಚಟ ಇದೆ. ಊಟ, ಕುಡಿತ, ರುಚಿ ಇವುಗಳ ಮೇಲೆ ಇಂಗ್ಲಿಷಿನಲ್ಲಿ ಯಾರೂ ಬಳಸದ ವಿಚಿತ್ರ ಪದಗಳು ಸಿಕ್ಕರೆ ಒಂದು ಹಳೇ ಡೈರಿಯಲ್ಲಿ ಬರೆದಿಟ್ಟುಕೊಳ್ಳುತ್ತೇನೆ. ಸುಮಾರು ಹನ್ನೆರಡು ವರ್ಷದಿಂದ ನಡೆದಿರೋ ಕೆಲಸ. ಯಾಕೆ ಅಂತ ಕೇಳಬೇಡಿ, ಕೆಲವರು ಹಳೇ ನಾಣ್ಯ ಕೂಡಿಡುತ್ತಾರೆ, ಕೆಲವರು ಬಸ್ ಟಿಕೆಟ್ಟು, ನಾನು ಇದು. ಬೋರ್ಡಿನ ಮಾತು ಬಂದಾಗ ಈ ಡೈರಿಗೆ ಕೊನೆಗೂ ಒಂದು ಕೆಲಸ ಸಿಕ್ಕಿತು ಅಂತ ಒಳಗೊಳಗೇ ಖುಷಿಯಾಯಿತು.

ಮೊದಲ ದಿನ ದೊಡ್ಡ ದೊಡ್ಡ ಪದಗಳನ್ನೇ ತೆಗೆದುಕೊಂಡು ಹೋದೆ. 'ಎಸ್ಯೂರಿಯೆಂಟ್', ಅಂದರೆ ಹಸಿದವನು. 'ಬೋರ್ಬೊರಿಗ್ಮಸ್', ಅಂದರೆ ಹೊಟ್ಟೆ ಗುಡುಗುಡು ಅನ್ನೋ ಸದ್ದು, ಗ್ರೀಕರು ಸದ್ದನ್ನೇ ಪದ ಮಾಡಿದ್ದು. 'ಅಬ್ಲಿಗ್ಯುರಿಷನ್', ಅಂದರೆ ತಿನ್ನೋದಕ್ಕೆ ಅಂತ ದುಡ್ಡನ್ನು ನೀರಿನ ಹಾಗೆ ಸುರಿಯೋದು, ನಮ್ಮ ಕಡೆ ಅದಕ್ಕೆ ಮದುವೆ ಊಟ ಅಂತಾರೆ. 'ಡೈಪ್ನಾಸಫಿಸ್ಟ್', ಅಂದರೆ ಊಟಕ್ಕೆ ಕೂತು ಸೊಗಸಾಗಿ ಮಾತಾಡಬಲ್ಲವನು. ಅಥೀನಿಯಸ್ ಅನ್ನೋ ಗ್ರೀಕ್ ಲೇಖಕ ಸುಮಾರು 1800 ವರ್ಷದ ಹಿಂದೆ ಇಂಥವರ ಹರಟೆಯನ್ನೇ ಒಂದು ದೊಡ್ಡ ಗ್ರಂಥ ಮಾಡಿಟ್ಟ, ಪದ ಅಲ್ಲಿಂದ ಬಂತು. 'ಪೋಸ್ಟ್‌ಪ್ರಾಂಡಿಯಲ್', ಅಂದರೆ ಊಟ ಆದ ಮೇಲಿನದು. ಇದೊಂದು ಮಾತ್ರ ತುಮಕೂರಿಗೆಲ್ಲಾ ಗೊತ್ತು. ಲ್ಯಾಬಿಗೆ ಹೋದರೆ "ಪಿಪಿ ಎಷ್ಟು ಬಂತು?" ಅಂತ ಕೇಳಿಕೊಳ್ಳುತ್ತಾರಲ್ಲ, ಆ ಮೊದಲನೇ ಪಿ ಮತ್ತು ಎರಡನೇ ಪಿ ಇದೇ. ಲ್ಯಾಟಿನ್ನಿನ ಊಟ ಕೊನೆಗೆ ಸಕ್ಕರೆ ಕಾಯಿಲೆಯ ಚೀಟಿಯಲ್ಲಿ ಉಳಿದುಕೊಂಡಿದೆ.

ಗೆಳೆಯನ ಹೆಂಡತಿ ಟೊಮೆಟೊ ಹೆಚ್ಚುತ್ತಾ ಇದನ್ನೆಲ್ಲಾ ಕೇಳಿಸಿಕೊಂಡು, "ಅಣ್ಣಾ, ಬಂದೋರು ಊಟ ಮಾಡ್ಬೇಕೋ, ಪರೀಕ್ಷೆ ಬರೀಬೇಕೋ?" ಅಂದಳು.

ಸರಿ, ಡೈರಿ ಮಡಚಿ ಅಡುಗೆ ಮನೆಗೆ ಹೋದೆ. ಅಲ್ಲಿ ಗೆಳೆಯನ ಅಮ್ಮ ಮುದ್ದೆ ತಿರುವುತ್ತಿದ್ದರು. ವಯಸ್ಸು ಎಪ್ಪತ್ತು ದಾಟಿದೆ, ಮಗ ಬೇಡ ಅಂದರೂ ಕೇಳೋದಿಲ್ಲ. ಎಸರು ಕುದಿಯುವಾಗ ಮಧ್ಯಕ್ಕೆ ಗುಡ್ಡೆ ಹಾಕಿದ ಹಿಟ್ಟು, ಅದರ ಸುತ್ತ ಉಕ್ಕುವ ನೀರು. ಅದನ್ನು ಹಾಗೇ ಬೇಯಲು ಬಿಟ್ಟು, ಆಮೇಲೆ ಪಾತ್ರೆ ಕೆಳಗಿಳಿಸಿ, ಕವೆಗೋಲು ಅಡ್ಡ ಕೊಟ್ಟು ಕಾಲಲ್ಲಿ ಒತ್ತಿ ಹಿಡಿದು, ಎರಡೂ ಕೈಯಲ್ಲಿ ಕೋಲು ಹಿಡಿದು ತಿರುವಲು ಶುರು ಮಾಡಿದರು. ಮೊದಲು ಗಂಟು ಗಂಟಾಗಿ ಎದ್ದ ಹಿಟ್ಟು ಒಂದೊಂದೇ ಸುತ್ತಿಗೆ ಸೋತು, ನುಣ್ಣಗಾಗಿ, ಪಾತ್ರೆಯ ಅಂಚು ಬಿಟ್ಟುಕೊಂಡು ಬಂತು. ಆ ಹೊತ್ತಿಗೆ ಬರೋ ಒಂದು ಪರಿಮಳ ಇದೆಯಲ್ಲ, ಹಸಿ ವಾಸನೆ ಹೋಗಿ ಬೆಂದ ವಾಸನೆ ಬರೋ ಗಳಿಗೆ, ಅದು ತಪ್ಪಿದರೆ ಮುದ್ದೆ ಕೆಟ್ಟಿತು. ಅಡುಗೆ ವಿಡಿಯೋಗಳಲ್ಲಿ ಇಂಗ್ಲಿಷ್ ಮಾತಾಡುವ ನಮ್ಮವರು ಈ 'ಹಸಿ ವಾಸನೆ'ಗೆ ಪದ ಸಿಗದೆ 'ರಾ ಸ್ಮೆಲ್' ಅಂತ ಹೇಳಿ ಹೇಳಿ ಅದೇ ಒಂದು ಇಂಗ್ಲಿಷ್ ಪದ ಆಗಿಬಿಟ್ಟಿದೆ.

ಅಮ್ಮನ ಕೈಯಲ್ಲಿದ್ದ ಕೋಲು ನೋಡಿದಾಗ ಡೈರಿಯ ಒಂದು ಪುಟ ನೆನಪಾಯಿತು. 'ಸ್ಪರ್ಟಲ್'. ಸ್ಕಾಟ್ಲೆಂಡಿನಲ್ಲಿ ಓಟ್ಸ್ ಗಂಜಿ ತಿರುವೋ ಮರದ ಕೋಲಿಗೆ ಈ ಹೆಸರು. ಅಲ್ಲಿನ ಕಾರ್‌ಬ್ರಿಡ್ಜ್ ಅನ್ನೋ ಹಳ್ಳಿಯಲ್ಲಿ 1994ರಿಂದ ಗಂಜಿ ಮಾಡೋ ವಿಶ್ವ ಸ್ಪರ್ಧೆ ನಡೆಯುತ್ತದೆ, ಗೆದ್ದವರಿಗೆ ಬಂಗಾರದ ಸ್ಪರ್ಟಲ್ ಅನ್ನೋ ಬಿರುದು. ಅಲ್ಲಿನ ಹಳಬರು ಗಂಜಿಯನ್ನು ಏಕವಚನದಲ್ಲಿ ಕರೆಯುತ್ತಿರಲಿಲ್ಲ, 'ಅವು' ಅನ್ನುತ್ತಿದ್ದರು. ಇದನ್ನೆಲ್ಲಾ ಅಮ್ಮನಿಗೆ ಹೇಳಿದೆ.

"ಅವ್ರೂ ಹಿಟ್ಟು ಉಣ್ತಾರಾ?"

"ಇಲ್ಲಮ್ಮ, ಗಂಜಿ. ಬೆಳಿಗ್ಗೆ ದಿನಾ ಗಂಜಿ ಕುಡೀತಾರೆ."

"ಅಯ್ಯೋ ಪಾಪ. ಯಾಕಪ್ಪ, ಹುಷಾರಿಲ್ವಾ?"

ಇದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ.

ಅಲ್ಲಿಂದ ನನ್ನ ತಲೆ ಬೇರೆ ಕಡೆ ಓಡಲು ಶುರುವಾಯಿತು. ಡೈರಿಯಲ್ಲಿ ಲ್ಯಾಟಿನ್ ಪದ ಜಾಸ್ತಿ, ಆದರೆ ಅವು ಯಾವುವೂ ಈ ಅಡುಗೆ ಮನೆಗೆ ಕಾಲಿಡುತ್ತಿಲ್ಲ. ಕಾಲಿಟ್ಟಿದ್ದು ಗಂಜಿ ಕುಡಿಯುವವರ ಪದ. ಹಾಗಾದರೆ ಬಡವರ ಮನೆಯ ಇಂಗ್ಲಿಷನ್ನೇ ಹುಡುಕೋಣ ಅಂತ ಪುಟ ತಿರುವಿದೆ.

ಮುದ್ದೆ ತಟ್ಟೆಗೆ ಬಿದ್ದ ತಕ್ಷಣ ನಮ್ಮೂರಲ್ಲಿ ಕೇಳೋ ಪ್ರಶ್ನೆ ಯಾವುದು? "ನೆಂಚ್ಕೊಳ್ಳೋಕೆ ಏನಿದೆ?" ಈ ನೆಂಚಿಕೊಳ್ಳೋದು ಅನ್ನೋದಕ್ಕೆ ಇಂಗ್ಲಿಷಿನಲ್ಲಿ 'ಸೈಡ್ ಡಿಶ್' ಅಂತ ಹೇಳಿದರೆ ನನಗೆ ಮೈ ಉರಿಯುತ್ತದೆ. ಸೈಡ್ ಡಿಶ್ ಪಕ್ಕದಲ್ಲಿ ಸುಮ್ನೆ ಕೂರುತ್ತದೆ. ನೆಂಚಿಕೊಳ್ಳೋದು ಹಾಗಲ್ಲ, ಅದಿಲ್ಲದೆ ತುತ್ತು ಒಳಗೆ ಹೋಗೋದೇ ಇಲ್ಲ. ಸ್ಕಾಟ್ಲೆಂಡಿನವರಿಗೆ ಇದು ಗೊತ್ತಿತ್ತು. ಬರೀ ರೊಟ್ಟಿ, ಬರೀ ಆಲೂಗಡ್ಡೆ ತಿನ್ನೋ ಮನೆಗಳಲ್ಲಿ ಅದರ ಜೊತೆ ಒಂಚೂರು ಬೆಣ್ಣೆಯೋ ಮೀನೋ ಇದ್ದರೆ ಅದನ್ನು 'ಕಿಚನ್' ಅಂತ ಕರೆಯುತ್ತಿದ್ದರು. ಅಡುಗೆ ಮನೆ ಅಲ್ಲ, ನೆಂಚಿಕೊಳ್ಳೋ ಪದಾರ್ಥ! ಇಂಗ್ಲಿಷಿನ ಹಳೇ ನಿಘಂಟಿನಲ್ಲಿ ಇದೇ ಅರ್ಥಕ್ಕೆ 'ಆಪ್ಸನಿ' ಅನ್ನೋ ಪದವೂ ಇದೆ, ಗ್ರೀಕಿನ 'ಆಪ್ಸಾನ್' ಅನ್ನೋದರಿಂದ ಬಂದಿದ್ದು. ಗ್ರೀಕರದ್ದೂ ನಮ್ಮದೇ ಲೆಕ್ಕ. ಮುಖ್ಯ ಊಟ ಬಾರ್ಲಿ-ಗೋಧಿಯಂಥ ಕಾಳಿನದ್ದು, ಉಳಿದ ಮೀನು, ಆಲಿವ್, ಚೀಸು ಎಲ್ಲಾ ನೆಂಚಿಕೊಳ್ಳೋಕೆ.

ಆಪ್ಸನಿ ಸತ್ತುಹೋಯಿತು ಅಂದುಕೊಂಡರೆ ಅದು ಡಾಕ್ಟರ ಪುಸ್ತಕದಲ್ಲಿ ಬೇರೆ ವೇಷದಲ್ಲಿ ಎದ್ದು ಕೂತಿದೆ. 1903ರಲ್ಲಿ ಲಂಡನ್ನಿನಲ್ಲಿ ಆಲ್ಮ್ರಾತ್ ರೈಟ್ ಮತ್ತು ಸ್ಟೂವರ್ಟ್ ಡಗ್ಲಸ್ ಅನ್ನೋ ಇಬ್ಬರು ರಕ್ತದಲ್ಲಿ ಒಂದು ಪದಾರ್ಥ ಇರೋದನ್ನು ತೋರಿಸಿದರು. ಅದು ಹೋಗಿ ಬ್ಯಾಕ್ಟೀರಿಯಾಗಳ ಮೈಗೆ ಅಂಟಿಕೊಂಡರೆ ಬಿಳಿ ರಕ್ತಕಣಗಳು ಅವನ್ನು ಗಬಗಬ ಅಂತ ನುಂಗುತ್ತವೆ, ಅಂಟದಿದ್ದರೆ ಅಷ್ಟಾಗಿ ಮುಟ್ಟೋದಿಲ್ಲ. ಅದಕ್ಕೆ ಅವರು ಇಟ್ಟ ಹೆಸರು 'ಆಪ್ಸೊನಿನ್'. ಅದೇ ಗ್ರೀಕ್ ಬೇರು. ಅಂದರೆ ನಮ್ಮ ಬಿಳಿ ರಕ್ತಕಣಕ್ಕೂ ಬರೀ ಮುದ್ದೆ ಇಳಿಯೋದಿಲ್ಲ, ನೆಂಚಿಕೊಳ್ಳೋಕೆ ಏನಾದರೂ ಬೇಕು. ಇದನ್ನು ಸೆಕೆಂಡ್ ಪಿಯುಸಿ ಸೈನ್ಸ್ ಮಕ್ಕಳಿಗೆ ಹೇಳಿದಾಗ ಒಬ್ಬ ಹುಡುಗ ಎದ್ದು "ಸಾರ್, ಉಪ್ಪಿನಕಾಯಿ ಅಂತ ಬರೀಬೋದಾ?" ಅಂದ. ಬಯಾಲಜಿ ಮೇಡಂಗೆ ಹೇಳಬೇಡ ಅಂದೆ.

ಇನ್ನು ಬಸ್ಸಾರು. ಬೋರ್ಡಿನಲ್ಲಿ ನನಗೆ ನಿಜವಾಗಿ ಕಾಟ ಕೊಟ್ಟಿದ್ದು ಇದೇ. ನಮ್ಮ ಕಡೆಯವರಿಗೆ ಹೇಳಬೇಕಾಗಿಲ್ಲ, ಬೇರೆ ಕಡೆಯವರು ಓದುತ್ತಿದ್ದರೆ ಇರಲಿ ಅಂತ ಹೇಳುತ್ತೇನೆ. ಹುರುಳಿಕಾಳೋ ಅಲಸಂದೆಯೋ ಬೇಯಲು ಇಟ್ಟು, ಅರ್ಧ ಬೆಂದ ಮೇಲೆ ದಂಟಿನ ಸೊಪ್ಪೋ ಸಬ್ಬಸಿಗೆಯೋ ಹಾಕಿ, ಎಲ್ಲಾ ಬೆಂದ ಮೇಲೆ ನೀರು ಬಸಿಯುತ್ತಾರೆ. ಬಸಿದ ಆ ನೀರಿಗೆ ಕಟ್ಟು ಅಂತ ಹೆಸರು. ಈರುಳ್ಳಿ, ಬೆಳ್ಳುಳ್ಳಿ, ಒಣಮೆಣಸಿನಕಾಯಿ ಹುರಿದು, ಕೊತ್ತಂಬರಿ ಬೀಜ, ಜೀರಿಗೆ, ಕಾಯಿತುರಿ, ಹುಣಸೆಹಣ್ಣು, ಜೊತೆಗೆ ಒಂದು ಹಿಡಿ ಬೆಂದ ಕಾಳು-ಸೊಪ್ಪು ಎಲ್ಲಾ ರುಬ್ಬಿ ಕಟ್ಟಿಗೆ ಹಾಕಿ ಕುದಿಸಿದರೆ ಸಾರು. ಉಳಿದ ಕಾಳು-ಸೊಪ್ಪಿಗೆ ಒಗ್ಗರಣೆ ಹಾಕಿ ಕಾಯಿ ಉದುರಿಸಿದರೆ ಪಲ್ಯ. ಒಂದೇ ಪಾತ್ರೆಯಿಂದ ಎರಡು ಅಡುಗೆ, ಒಂದು ಹನಿ ನೀರೂ ಚೆಲ್ಲಿಲ್ಲ. ಇದನ್ನು ಕಂಡುಹಿಡಿದವರು ಯಾರೋ, ಅವರ ಹೊಟ್ಟೆ ತಣ್ಣಗಿರಲಿ.

ಇಂಗ್ಲಿಷ್ ಅಡುಗೆಯಲ್ಲಿ ಸೊಪ್ಪು ಬೇಯಿಸಿದ ನೀರನ್ನು ಸಾಮಾನ್ಯವಾಗಿ ಸಿಂಕಿಗೆ ಸುರಿದುಬಿಡುತ್ತಾರೆ, ಸುರಿಯೋ ನೀರಿಗೆ ಹೆಸರು ಯಾಕಿಡುತ್ತಾರೆ ಹೇಳಿ. ಹೆಸರು ಸಿಕ್ಕಿದ್ದು ಅಮೆರಿಕದ ದಕ್ಷಿಣದ ರಾಜ್ಯಗಳಲ್ಲಿ. 'ಪಾಟ್‌ಲಿಕ್ಕರ್'. ತೋಟದ ಸಾಹುಕಾರರ ಮನೆಯಲ್ಲಿ ಗುಲಾಮರಾಗಿದ್ದ ಕಪ್ಪು ಜನ ಅಡುಗೆ ಮಾಡುತ್ತಿದ್ದರು. ಬೆಂದ ಸೊಪ್ಪು ಯಜಮಾನರ ಮೇಜಿಗೆ ಹೋಗುತ್ತಿತ್ತು. ತಳದಲ್ಲಿ ಉಳಿದ ನೀರು ಅಡುಗೆ ಮಾಡಿದವರಿಗೆ. ಸತ್ವ ಬಹಳಷ್ಟು ಇಳಿದಿದ್ದು ಆ ನೀರಿಗೇ. ಅದರಲ್ಲಿ ಮೆಕ್ಕೆಜೋಳದ ರೊಟ್ಟಿ ಅದ್ದಿಕೊಂಡು ತಿನ್ನುತ್ತಿದ್ದರು.

ಅದ್ದಿ ತಿನ್ನಬೇಕೋ ಪುಡಿ ಮಾಡಿ ಹಾಕಿಕೊಂಡು ತಿನ್ನಬೇಕೋ ಅನ್ನೋದರ ಮೇಲೆ 1931ರಲ್ಲಿ ಅಲ್ಲಿ ದೊಡ್ಡ ಜಗಳವೇ ಆಗಿದೆ. ಲೂಯಿಸಿಯಾನದ ಗವರ್ನರ್ ಹ್ಯೂಯಿ ಲಾಂಗ್ ಅದ್ದೋ ಪಕ್ಷ. ಅಟ್ಲಾಂಟಾ ಕಾನ್‌ಸ್ಟಿಟ್ಯೂಷನ್ ಪತ್ರಿಕೆಯ ಸಂಪಾದಕರು ಪುಡಿ ಮಾಡೋ ಪಕ್ಷ. ವಾರಗಟ್ಟಲೆ ಪತ್ರಿಕೆಯಲ್ಲಿ ಇದೇ ಚರ್ಚೆ, ಓದುಗರಿಂದ ಕಾಗದದ ಮೇಲೆ ಕಾಗದ. ಇಷ್ಟಕ್ಕೇ ಮುಗಿಯಲಿಲ್ಲ. 1982ರಲ್ಲಿ ನ್ಯೂಯಾರ್ಕ್ ಟೈಮ್ಸ್ ಆ ಪದವನ್ನು 'ಪಾಟ್ ಲಿಕರ್' ಅಂತ ಎರಡು ಪದವಾಗಿ ಬಿಡಿಸಿ ಬರೆದಾಗ, ಜಾರ್ಜಿಯಾದ ಲೆಫ್ಟಿನೆಂಟ್ ಗವರ್ನರ್ ಝೆಲ್ ಮಿಲ್ಲರ್ ಪತ್ರಿಕೆಗೆ ಕಾಗದ ಬರೆದು, ಅದು ಒಂದೇ ಪದ, ಕಾಗುಣಿತ ಸರಿಯಾಗಿ ಕಲೀರಿ ಅನ್ನೋ ಅರ್ಥದಲ್ಲಿ ತರಾಟೆಗೆ ತೆಗೆದುಕೊಂಡರು. ಸಾರಿನ ಮರ್ಯಾದೆಗೆ ಇಷ್ಟು ಹೋರಾಡಿದ ಜನ ನನಗೆ ನಮ್ಮೂರವರೇ ಅನ್ನಿಸಿಬಿಟ್ಟರು.

ಓಡಿಹೋಗಿ ಗೆಳೆಯನಿಗೆ ಹೇಳಿದೆ. "ಸಿಕ್ತು ಕಣೋ! ಬಸ್ಸಾರಿಗೆ ಪಾಟ್‌ಲಿಕ್ಕರ್."

ಅವನು ಸೌಟು ಕೆಳಗಿಟ್ಟ. "ಲಿಕ್ಕರಾ? ಏನ್ ಗುರು, ಮೆಸ್ ಮುಂದೆ ಲಿಕ್ಕರ್ ಅಂತ ಬೋರ್ಡು ಹಾಕಿದ್ರೆ ಅಬಕಾರಿಯವ್ರು ಬರ್ತಾರೆ. ಅದಕ್ಕಿಂತ ಮುಂಚೆ ನಮ್ಮಮ್ಮ ಬರ್ತಾಳೆ."

ಅದೂ ಸರಿಯೇ.

ಮುದ್ದೆಗೆ ಬರೋಣ. 'ರಾಗಿ ಬಾಲ್' ಅಂತ ಬರೆಯಲು ನನ್ನ ಕೈ ಬರಲಿಲ್ಲ. ಚೆಂಡಾಟದ ಹಾಗೆ ಕೇಳಿಸುತ್ತದೆ. ಡೈರಿಯಲ್ಲಿ ಹತ್ತಿರದ ಪದ ಒಂದಿತ್ತು, 'ಬೋಲಸ್'. ಬಾಯಲ್ಲಿ ನುಣ್ಣಗಾಗಿ ನುಂಗಲು ರೆಡಿಯಾದ ತುತ್ತಿಗೆ ಡಾಕ್ಟರು ಇಟ್ಟಿರೋ ಹೆಸರು. ಗ್ರೀಕಿನಲ್ಲಿ ಅದರ ಮೂಲ ಅರ್ಥ ಮಣ್ಣಿನ ಹೆಂಟೆ. ಉತ್ತ ಹೊಲದಲ್ಲಿ ಕಾಲಿಗೆ ಸಿಗೋ ಹೆಂಟೆ. ಬಣ್ಣದಲ್ಲೂ ಆಕಾರದಲ್ಲೂ ಮುದ್ದೆಗೆ ಇದಕ್ಕಿಂತ ಒಪ್ಪೋ ಪದ ಇಲ್ಲ. ಆದರೆ ಬೋಲಸ್ ಆಗೋದು ಬಾಯಲ್ಲಿ ಅಗಿದ ಮೇಲೆ. ಮುದ್ದೆ ಮೊದಲೇ ಬೋಲಸ್ ಆಗಿಯೇ ತಟ್ಟೆಗೆ ಬರುತ್ತದೆ. ಹಲ್ಲಿಗೆ ಕೆಲಸ ಇಲ್ಲ. ಮುದ್ದೆ ಅಗಿದವನನ್ನು ನಮ್ಮ ಕಡೆ ಬೆಂಗಳೂರಿನವನು ಅಂತಾರೆ.

ಇದಕ್ಕೆ ಪೂರಾ ಉಲ್ಟಾ ಒಂದು ಪದ ಇದೆ, 'ಫ್ಲೆಚರೈಸ್'. ಹೊರೇಸ್ ಫ್ಲೆಚರ್ ಅನ್ನೋ ಅಮೆರಿಕನ್ ಒಬ್ಬ, 1849ರಲ್ಲಿ ಹುಟ್ಟಿ 1919ರಲ್ಲಿ ತೀರಿಕೊಂಡ. ತಿಂದದ್ದೆಲ್ಲಾ ಬಾಯಲ್ಲೇ ನೀರಾಗೋ ತನಕ ಅಗಿಯಬೇಕು, ಹಾಲನ್ನೂ ಸೂಪನ್ನೂ ಬಾಯಲ್ಲಿ ಆಡಿಸಿಯೇ ನುಂಗಬೇಕು ಅನ್ನೋದು ಅವನ ಸಿದ್ಧಾಂತ. ಆ ಕಾಲದ ದೊಡ್ಡ ದೊಡ್ಡ ಮನುಷ್ಯರು ಅವನ ಮಾತು ಕೇಳಿ ಅಗಿದಿದ್ದೇ ಅಗಿದಿದ್ದು, ಅವನ ಹೆಸರೇ ಕ್ರಿಯಾಪದವಾಯಿತು. ಅವನನ್ನು ಒಂದು ಸಲ ಈ ಮೆಸ್ಸಿಗೆ ಕರೆತಂದು ಕೂರಿಸಬೇಕಿತ್ತು ಅಂತ ನನಗೆ ಎಷ್ಟೋ ಸಲ ಅನ್ನಿಸಿದೆ. ಮೊದಲ ತುತ್ತು ಅಗಿಯುವಷ್ಟರಲ್ಲಿ ಹಲ್ಲಿಗೆಲ್ಲಾ ಅಂಟಿಕೊಂಡು, ಮಾತೇ ನಿಂತು, ಸಿದ್ಧಾಂತ ಅಲ್ಲೇ ಮುಗಿಯುತ್ತಿತ್ತು.

ಇನ್ನೊಂದು ಸ್ಕಾಟ್ಲೆಂಡಿನ ಪದ ನನಗೆ ಪ್ರಾಣ. 'ಗ್ರೋಕ್'. ಯಾರಾದರೂ ತಿನ್ನುವಾಗ ಎದುರಿಗೆ ಕೂತು, ಮಾತಾಡದೆ, ಕರೆಯುತ್ತಾರೇನೋ ಅಂತ ಅವರನ್ನೇ ನೋಡೋದು. ನಾಯಿಗೂ ಸಲ್ಲುತ್ತದೆ, ಮನುಷ್ಯರಿಗೂ. ಕನ್ನಡದಲ್ಲಿ ಇದಕ್ಕೆ ಒಂದೇ ಪದ ಇಲ್ಲ, ಬಯ್ಗುಳ ಇದೆ. "ತಿನ್ನೋರ ಬಾಯಿ ನೋಡ್ಬಾರ್ದು" ಅಂತ ಚಿಕ್ಕಂದಿನಲ್ಲಿ ತಲೆ ಮೇಲೆ ಮೊಟಕಿಸಿಕೊಳ್ಳದವರು ಯಾರಿದ್ದೀರಿ? ನಮ್ಮಜ್ಜಿ ಮಾತ್ರ ಮೊಟಕುತ್ತಿರಲಿಲ್ಲ. ಹಟ್ಟಿ ಬಾಗಿಲಲ್ಲಿ ಕೂತು ಉಣ್ಣುವಾಗ ಮುಂದೆ ಒಂದು ನಾಯಿ, ಆ ನಾಯಿ ಪಕ್ಕ ಪಕ್ಕದ ಮನೆ ಹುಡುಗ, ಇಬ್ಬರೂ ಒಂದೇ ಭಂಗಿ. ಅಜ್ಜಿ ಮುದ್ದೆಯ ಅಂಚು ಮುರಿದು ಒಂದನ್ನು ನಾಯಿಗೆ ಹಾಕಿ, ಇನ್ನೊಂದನ್ನು ಸಾರಲ್ಲಿ ಉರುಳಿಸಿ ಹುಡುಗನ ಬಾಯಿಗೆ ಇಡುತ್ತಿತ್ತು. ಇಂಗ್ಲಿಷಿನ 'ಲೇಡಿ' ಅನ್ನೋ ಪದದ ಹಳೇ ರೂಪ ಹಿಟ್ಟು ನಾದುವವಳು ಅನ್ನೋ ಅರ್ಥದ್ದು, 'ಲಾರ್ಡ್' ಅಂದರೆ ರೊಟ್ಟಿ ಕಾಯುವವನು. ಈ ವಿಷಯ ಓದಿದ ದಿನದಿಂದ ಲೇಡಿ ಅಂದರೆ ನನ್ನ ಕಣ್ಣಿಗೆ ಬರೋದು ಕೈಗೆ ಹಿಟ್ಟು ಮೆತ್ತಿಕೊಂಡ ನಮ್ಮಜ್ಜಿಯೇ.

ಎಲ್ಲದರಲ್ಲೂ ಹೊಂದಾಣಿಕೆ ಆಗುತ್ತೆ ಅಂತಲ್ಲ. ತಟ್ಟೆಯಲ್ಲಿ ಉಳಿದ ಚೂರಿಗೆ ಇಂಗ್ಲಿಷಿನಲ್ಲಿ 'ಓರ್ಟ್' ಅನ್ನೋ ಪುಟ್ಟ ಪದ ಇದೆ, ಪದಬಂಧ ಬಿಡಿಸೋರಿಗೆ ಗೊತ್ತಿರುತ್ತದೆ. ಆದರೆ ಅದು ಎಂಜಲು ಅಲ್ಲ. ಎಂಜಲಿನ ಒಳಗೆ ಜಗಳ, ಜಾತಿ, ಪ್ರೀತಿ ಎಲ್ಲಾ ಇದೆ, ಓರ್ಟಿನ ಒಳಗೆ ಬರೀ ಚೂರು ಇದೆ. ತಂಗಳು ಬೇರೆ, ಹಳಸಿದ್ದು ಬೇರೆ, ಮುಗ್ಗಲು ಬೇರೆ, ಕಮಟು ಬೇರೆ. ಇಂಗ್ಲಿಷಿನವರು ಇದರಲ್ಲಿ ಅರ್ಧಕ್ಕೆ 'ಸ್ಟೇಲ್' ಅಂತ ಹೇಳಿ ಕೈ ತೊಳೆದುಕೊಳ್ಳುತ್ತಾರೆ. ನಮ್ಮ ತಂಗಳು ಮುದ್ದೆಗೆ ಮಜ್ಜಿಗೆ ಹಾಕಿ ಕಿವುಚಿ ಈರುಳ್ಳಿ ಕಚ್ಚಿಕೊಂಡು ಕುಡಿಯೋದನ್ನು ಸ್ಟೇಲ್ ಅಂದರೆ ಯಾರಿಗಾದರೂ ಬೇಜಾರಾಗಲ್ವಾ?

ಒಗರು ಅನ್ನೋದಕ್ಕೆ ಅವರ ಹತ್ತಿರ 'ಅಸ್ಟ್ರಿಂಜೆಂಟ್' ಇದೆ. ನೇರಳೆ ಹಣ್ಣು ತಿಂದು ನಾಲಿಗೆ ದಪ್ಪ ಆದ ಮಗು ಅಸ್ಟ್ರಿಂಜೆಂಟ್ ಅನ್ನುತ್ತದೆಯೇ? ಆದರೂ ಆ ಪದದ ಬೇರು ಸರಿಯಾಗಿದೆ ಅಂತ ಒಪ್ಪಬೇಕು. ಲ್ಯಾಟಿನ್ನಿನಲ್ಲಿ ಬಿಗಿದು ಕಟ್ಟು ಅಂತ ಅರ್ಥ. ಒಗರು ಹಣ್ಣಿನಲ್ಲಿರೋ ಟ್ಯಾನಿನ್ ಅನ್ನೋ ಪದಾರ್ಥ ಹೋಗಿ ನಮ್ಮ ಜೊಲ್ಲಿನ ಪ್ರೋಟೀನನ್ನು ಬಿಗಿದು ಕಟ್ಟುತ್ತದೆ, ಜಾರುವಿಕೆ ಹೋಗಿ ಬಾಯಿ ತರಿತರಿ ಆಗುತ್ತದೆ. ಖಾರಕ್ಕೆ 'ಹಾಟ್' ಅನ್ನೋದನ್ನೂ ನಾನು ಬಹಳ ದಿನ ಆಡಿಕೊಳ್ಳುತ್ತಿದ್ದೆ, ಬಿಸಿಗೂ ಅದೇ ಖಾರಕ್ಕೂ ಅದೇ, ಇದೇನು ದಾರಿದ್ರ್ಯ ಅಂತ. ಆಮೇಲೆ ಗೊತ್ತಾಯಿತು. 1997ರಲ್ಲಿ ಅಮೆರಿಕದ ವಿಜ್ಞಾನಿ ಡೇವಿಡ್ ಜೂಲಿಯಸ್ ಅವರ ತಂಡ ಕಂಡುಹಿಡಿದ ಹಾಗೆ, ನಮ್ಮ ನರದ ತುದಿಯಲ್ಲಿ ಮೆಣಸಿನಕಾಯಿಯ ಖಾರಕ್ಕೆ ತಟ್ಟಿ ಏಳುವ ರಿಸೆಪ್ಟರೂ ಸುಡುವ ಬಿಸಿಗೆ ಏಳುವ ರಿಸೆಪ್ಟರೂ ಒಂದೇ. ಅವರಿಗೆ 2021ರಲ್ಲಿ ನೊಬೆಲ್ ಬಂತು. ಅಂದರೆ ಇಂಗ್ಲಿಷ್ ನಾಲಿಗೆ ಮೊದಲೇ ಸರಿ ಹೇಳಿತ್ತು. ಆಡಿಕೊಂಡಿದ್ದಕ್ಕೆ ತಪ್ಪಾಯ್ತು ಅಂತ ಡೈರಿಯಲ್ಲಿ ಬರೆದಿದ್ದೇನೆ.

ರುಚಿಯ ವಿಷಯ ಬಂದರೆ 2021ರ ಮೇ ತಿಂಗಳು ಬಿಟ್ಟು ಮಾತಾಡಲು ಆಗೋದಿಲ್ಲ. ನನಗೂ ಕೊರೋನಾ ಬಂದಿತ್ತು. ನಾಲ್ಕನೇ ದಿನ ಸಾರು ಕುಡಿದರೆ ಬಿಸಿ ನೀರು ಕುಡಿದ ಹಾಗೆ. ಊರಿನ ಒಂದು ಕ್ಲಿನಿಕ್ಕಿನಲ್ಲಿ ಚೀಟಿಯ ಮೇಲೆ 'ಏಗ್ಯೂಸಿಯಾ' ಅಂತ ಗೀಚಿದರು. ರುಚಿ ಹೋಗೋದಕ್ಕೆ ಆ ಹೆಸರು. ಅಷ್ಟು ಜ್ವರದಲ್ಲೂ ನನಗೆ ಆ ಪದ ನೋಡಿ ಖುಷಿಯಾಯಿತು ಅಂತ ಹೆಂಡತಿಗೆ ಇವತ್ತಿಗೂ ಸಿಟ್ಟು. ಆದರೆ ಪದ ತಪ್ಪಾಗಿತ್ತು. ಮನೆಯಲ್ಲಿ ಒಂದು ಚೂರು ಬೆಲ್ಲ ಬಾಯಿಗೆ ಹಾಕಿಕೊಂಡು ನೋಡಿದೆ. ಸಿಹಿ ಗೊತ್ತಾಯಿತು. ಬೆಲ್ಲ ಅನ್ನೋದು ಗೊತ್ತಾಗಲಿಲ್ಲ. ಸಕ್ಕರೆ ಹಾಕಿಕೊಂಡರೂ ಅದೇ ಸಿಹಿ. ಅಂದರೆ ನಾಲಿಗೆ ನೆಟ್ಟಗಿತ್ತು, ಹೋಗಿದ್ದು ಮೂಗು. ಅದಕ್ಕೆ 'ಅನಾಸ್ಮಿಯಾ' ಅನ್ನಬೇಕು. ನೀವು ಈಗಲೇ ಬೇಕಾದರೆ ಮೂಗು ಹಿಡಿದುಕೊಂಡು ಬೆಲ್ಲ ಚೀಪಿ ನೋಡಿ, ಆಮೇಲೆ ಮೂಗು ಬಿಡಿ. ಬಿಟ್ಟ ಗಳಿಗೆಯಲ್ಲಿ ಗಂಟಲ ಹಿಂದಿನಿಂದ ಒಂದು ಪರಿಮಳ ಮೇಲೇರುತ್ತದಲ್ಲ, ಬೆಲ್ಲ ಇರೋದು ಅಲ್ಲಿ.

ಮೂರು ತಿಂಗಳ ಮೇಲೆ ಮೂಗು ವಾಪಸ್ ಬಂತು, ಆದರೆ ಕೆಟ್ಟು ಬಂತು. ಕಾಫಿ ಕುಡಿದರೆ ಟೈರು ಸುಟ್ಟ ವಾಸನೆ. ಇದಕ್ಕೆ 'ಪರಾಸ್ಮಿಯಾ' ಅಂತಾರೆ. ಕಾಫಿ ಬಿಟ್ಟ ಮನುಷ್ಯ ಮನೆಯಲ್ಲಿ ಹೇಗಿರುತ್ತಾನೆ ಅಂತ ಕೇಳಬೇಕಾದರೆ ನನ್ನ ಹೆಂಡತಿಯನ್ನು ಕೇಳಿ. 'ಹ್ಯಾಂಗ್ರಿ' ಅಂತ ಹಸಿವಿನ ಸಿಟ್ಟಿಗೊಂದು ಪದ 2018ರಲ್ಲಿ ಆಕ್ಸ್‌ಫರ್ಡ್ ನಿಘಂಟಿಗೆ ಸೇರಿದೆ, ಕಾಫಿ ಇಲ್ಲದ ಸಿಟ್ಟಿಗೆ ಯಾವಾಗ ಸೇರಿಸುತ್ತಾರೋ.

ಆ ವರ್ಷ ಡಿಸೆಂಬರಿನಲ್ಲಿ ಒಂದು ಸಂಜೆ ತರಕಾರಿ ತರಲು ಹೋಗಿದ್ದೆ. ರಸ್ತೆ ಬದಿ ಗೋಣಿಚೀಲ ಹಾಸಿ ಅವರೆಕಾಯಿ ಸುರಿದುಕೊಂಡು ಕೂತಿದ್ದಳು ಒಬ್ಬಳು. ಬಗ್ಗಿ ಒಂದು ಕಾಯಿ ಎತ್ತಿದೆ. ಬೆರಳಿಗೆ ಜಿಡ್ಡು ಅಂಟಿತು. ಸುಮ್ನೆ ಮೂಗಿನ ಹತ್ತಿರ ತಂದೆ. ಸೊಗಡು! ಹೋದ ವರ್ಷದ ಅದೇ ಸೊಗಡು, ಒಂದು ಚೂರೂ ಕೆಟ್ಟಿರಲಿಲ್ಲ. ನಾನು ಬೆರಳು ಮೂಸುತ್ತಾ ನಿಂತೇ ಇದ್ದೆ, ಅವಳು "ತಗೊಂತೀರೋ ಇಲ್ವೋ, ಮೂಸಿದ್ರೆ ಕೇಜಿ ಆಗಲ್ಲ" ಅಂದಳು. 4 ಕೇಜಿ ತಂದೆ. ಮನೆಯವರೆಲ್ಲಾ ರಾತ್ರಿ ಹನ್ನೊಂದರ ತನಕ ಸುಲಿದು, ನೆನೆಹಾಕಿ, ಬೆಳಿಗ್ಗೆ ಎದ್ದು ಹಿದುಕಿ ಶಾಪ ಹಾಕಿದರು.

ಸೊಗಡಿಗೆ ಇಂಗ್ಲಿಷಿನಲ್ಲಿ ಪದ ಇಲ್ಲ. ಫ್ರೆಂಚರಿಂದ ಎರವಲು ತಂದ 'ಟೆರ್ವಾರ್' ಇದೆ, ವೈನಿನಲ್ಲಿ ಆ ನೆಲದ ಗುಣ ಬರೋದು ಅಂತ. ಹತ್ತಿರ ಬರುತ್ತದೆ, ಆದರೆ ಕೈಗೆ ಅಂಟೋದಿಲ್ಲ.

ಇನ್ನು ಕೆಲವು ಪದ ನಮ್ಮಲ್ಲಿಂದಲೇ ಹೋಗಿ ಕೋಟು ಹಾಕಿಕೊಂಡು ವಾಪಸ್ ಬಂದಿವೆ. ತಿಪಟೂರಿನವರು ಮಾರೋ ಕೊಬ್ಬರಿಯನ್ನು ಪೇಪರಿನಲ್ಲಿ 'ಕೋಪ್ರಾ' ಅಂತ ಬರೆಯುತ್ತಾರೆ. ಅದು ಮಲಯಾಳದ ಕೊಪ್ಪರವನ್ನು ಪೋರ್ಚುಗೀಸರು ಎತ್ತಿಕೊಂಡು ಹೋಗಿ ಇಂಗ್ಲಿಷರಿಗೆ ದಾಟಿಸಿದ್ದು, ನಮ್ಮ ಕೊಬ್ಬರಿಯ ಅಣ್ಣನೋ ತಮ್ಮನೋ. ಹಲಸಿನ 'ಜ್ಯಾಕ್' ಕೂಡ ಮಲಯಾಳದ ಚಕ್ಕ. ಚೇಳೂರಿನ ಹಲಸಿನ ಮರದ ಕೆಳಗೆ ನಿಂತು 'ಜ್ಯಾಕ್' ಅಂತ ಕರೆದರೆ ಯಾರೋ ದೊರೆಯ ಮಗ ಇಳಿದು ಬರುತ್ತಾನೇನೋ ಅನ್ನಿಸುತ್ತದೆ. ಹುಣಸೆಯ ಕಥೆ ಇನ್ನೂ ಚೆನ್ನಾಗಿದೆ. 'ಟ್ಯಾಮರಿಂಡ್' ಅಂದರೆ ಅರಬ್ಬಿಯಲ್ಲಿ ಹಿಂದ್ ದೇಶದ ಖರ್ಜೂರ. ಅದು ಖರ್ಜೂರವೂ ಅಲ್ಲ, ಮರದ ಮೂಲ ನೋಡಿದರೆ ಆಫ್ರಿಕಾದ್ದು, ಹಿಂದ್ ದೇಶದ್ದೂ ಅಲ್ಲ. ಎರಡಕ್ಕೆ ಎರಡೂ ತಪ್ಪು. ಆದರೂ ಹೆಸರು ನಿಂತಿದೆ.

ನಾವೂ ಸುಮ್ಮನಿಲ್ಲ. 'ಬೈಟು ಕಾಫಿ' ಅಂತ ಲಂಡನ್ನಿನಲ್ಲಿ ಕೇಳಿ ನೋಡಿ, ಕಣ್ಣು ಕಣ್ಣು ಬಿಡುತ್ತಾರೆ. ಅವರ ಹತ್ತಿರ ಸೀಸೆಯಲ್ಲಿ ತುಂಬದೆ ಉಳಿದ ಖಾಲಿ ಜಾಗಕ್ಕೆ 'ಅಲಿಜ್' ಅಂತ ಪದ ಇದೆ, ಲೋಟದ ತಳದಲ್ಲಿ ಉಳಿಸಿದ ಗುಟುಕು ಹೆಂಡಕ್ಕೆ 'ಹೀಲ್‌ಟ್ಯಾಪ್' ಅಂತ ಇದೆ. ಆದರೆ ಒಂದು ಕಾಫಿಯನ್ನು ಎರಡು ಲೋಟಕ್ಕೆ ಸಮ ಮಾಡಿ, ಎರಡರಲ್ಲೂ ನೊರೆ ಬರೋ ಹಾಗೆ ಹುಯ್ಯೋದಕ್ಕೆ ಇಲ್ಲ. 'ಮೆಸ್' ಅನ್ನೋದೂ ಹಾಗೇ. ಇಂಗ್ಲೆಂಡಿನಲ್ಲಿ ಈಗ ಮೆಸ್ ಅಂದರೆ ಜಾಸ್ತಿ ಜನರಿಗೆ ರಾಮಾಯಣ, ಗಲೀಜು. ಹಳೇ ಫ್ರೆಂಚಿನಿಂದ ಬಂದಾಗ ಅದರ ಅರ್ಥ ಮುಂದಿಟ್ಟ ಊಟ ಅಂತಲೇ ಇತ್ತು. ಆ ಅರ್ಥ ಅಲ್ಲಿ ಮಿಲಿಟರಿಯವರ ಹತ್ತಿರ ಒಂದಿಷ್ಟು ಉಳಿದಿದೆ, ಇಲ್ಲಿ ಶಿರಾ ಗೇಟಿನಲ್ಲಿ ಪೂರ್ತಿ ಉಳಿದಿದೆ.

ಹದಿನೈದನೇ ದಿನ ಸೋತು, ಗೆಳೆಯನಿಗೆ ಹೇಳಿದೆ. ತರ್ಜುಮೆ ಬೇಡ, ನಮ್ಮ ಹೆಸರನ್ನೇ ಇಂಗ್ಲಿಷ್ ಅಕ್ಷರದಲ್ಲಿ ಬರೆಸು, ತಿಂದವರಿಗೆ ತಾನಾಗೇ ಅರ್ಥ ಆಗುತ್ತದೆ. ಅವನು ಅದನ್ನೇ ಮೊದಲ ದಿನವೇ ಹೇಳಬಹುದಿತ್ತಲ್ಲ ಅನ್ನೋ ಮುಖ ಮಾಡಿ, ಹಾಳೆ ಮೇಲೆ ನಾನು ಬರೆದುಕೊಟ್ಟಿದ್ದನ್ನು ಪೇಂಟರಿಗೆ ಕೊಡದೆ, ಫೋನಿನಲ್ಲೇ ಎಲ್ಲಾ ಹೇಳಿ ಬರೆಸಿದ.

ಭಾನುವಾರ ಹೋಗಿ ನೋಡುತ್ತೇನೆ, ಹಳದಿ ಬೋರ್ಡಿನ ಮೇಲೆ ಕೆಂಪು ಅಕ್ಷರ. ಬಸ್ಸಾರು ಸರಿಯಾಗಿದೆ. ಮಸ್ಸೊಪ್ಪು ಸರಿಯಾಗಿದೆ. ಎಲ್ಲದರ ಮೇಲೆ, ಎಲ್ಲಕ್ಕಿಂತ ದಪ್ಪಗೆ, ಎಂ ಯು ಡಿ ಡಿ ವೈ.

ಮುದ್ದೆ ಹೋಗಿ ಮಡ್ಡಿ ಆಗಿತ್ತು. ಕೆಸರು, ಮಣ್ಣುಮಣ್ಣು ಅಂತ ಅರ್ಥ. ಬೋರ್ಡು ಇಳಿಸು ಅಂತ ಹೇಳಲು ಬಾಯಿ ತೆರೆದವನು ಅಲ್ಲೇ ನಿಂತೆ. ಗ್ರೀಕರ ಹೆಂಟೆ ನೆನಪಾಯಿತು. ಅಷ್ಟರಲ್ಲಿ ಒಡಿಶಾದ ಹುಡುಗನೊಬ್ಬ ಬಂದು ಕೂತ, ಬೋರ್ಡು ಒಂದು ಸಲ ನೋಡಿದ, ಪಕ್ಕದವನ ತಟ್ಟೆ ಕಡೆ ನೋಡಲಿಲ್ಲ.

"ಭಯ್ಯಾ, ಎರಡು ಮಡ್ಡಿ, ಬಸ್ಸಾರು."

ಒಳಗಿನಿಂದ ಅಮ್ಮ, "ಅವ್ನಿಗೆ ಅಗೀಬೇಡ ಅಂತ ಹೇಳ್ರೋ" ಅಂದರು.